ತೌಡಿಗೆ ಕೊಂಡ ಹೆಸರು

ಹೆಸರಿನ ಹಣೇಬರಹ ಏನಂತ ತಿಳೀಬೇಕಂದ್ರ ರಾಯಚೂರು ಕೋರ್ಟಿನ ಮುಂದ ಬೇವಿನ ಗಿಡದ ಕೆಳಗ ಕುಂದ್ರೋ ಟೈಪಿಸ್ಟ್ ಶಂಭುಲಿಂಗಪ್ಪನ್ನ ಕೇಳಬೇಕು. ಇಪ್ಪತ್ತೆರಡು ವರ್ಷ ಆತು, ಜನ ತಮ್ಮ ಹೆಸರು ಕಳಚಿ ಬ್ಯಾರೆ ಹೆಸರು ತೊಟ್ಟುಕೊಳ್ಳೋ ಅಫಿಡವಿಟ್ ಟೈಪ್ ಮಾಡಿಕೋತ ಕುಂತಾನ. ಲ್ಯಾಪ್‌ಟಾಪ್ ಬಂದು ಟೈಪ್‌ರೈಟರ್ ಮೂಲಿಗೆ ಬಿತ್ತು, ಅಂವನ ಬಾಯಿ ಮಾತ್ರ ಮೊದಲಿನಂಗ ಅದ. ಗಂಡಸರು ಬರೋದು ಕಮ್ಮಿ. ಬರೋರೆಲ್ಲಾ ಹೆಣ್ಣುಮಕ್ಕಳು, ಅದೂ ನೌಕರಿ ಸಿಕ್ಕೋರು, ಇಲ್ಲಾ ಲಗ್ನ ಗೊತ್ತಾದೋರು. ಅಂವನ ಕೈಯಾಗ ತಿಪ್ಪಮ್ಮ ತೇಜಸ್ವಿನಿ ಆಗ್ಯಾಳ, ಗುಂಡಮ್ಮ ಗಾನವಿ ಆಗ್ಯಾಳ, ಹುಲಿಗೆಮ್ಮ ಹರ್ಷಿತಾ ಆಗ್ಯಾಳ. “ಮೊದಲಿನ ಅಕ್ಷರ ಒಂದು ಬಿಡಂಗಿಲ್ಲ ನೋಡ್ರಿ, ಹಳೀ ಮನಿ ಕೆಡವಿದ್ರೂ ಹೊಸ್ತಿಲ ಇಟ್ಕೋತಾರ,” ಅಂತ ಅಂವ ಬಂದವರಿಗೆಲ್ಲಾ ಹೇಳ್ತಾನ.

ಆ ಶನಿವಾರ ಅಂವನ ಮುಂದ ಬಂದು ಕುಂತಾಕಿ ಹೆಸರು ಫಕೀರಮ್ಮ. ತಂದಿ ಯಂಕೋಬ, ಊರು ಮಾನ್ವಿ ತಾಲೂಕಿನ ಚೀಕಲಪರ್ವಿ, ವಯಸ್ಸು ಇಪ್ಪತ್ತೊಂಬತ್ತು.

“ಹೊಸಾ ಹೆಸರು ಏನ್ರೀ? ಫಾಲ್ಗುಣಿ ಹಾಕಲೇನು? ಫ ದಾಗ ಅದೊಂದ ಚಲೋದದ.”

“ಇಂದುಮತಿ ಅಂತ ಹಾಕ್ರಿ.”

“ಅಯ್ಯ, ಹೊಸ್ತಿಲ ಸೈತ ಬಿಟ್ಟುಬಿಟ್ರಿ?” ಅಂದ ಶಂಭುಲಿಂಗಪ್ಪ. “ಕಾರಣ ಏನಂತ ಬರೀಲಿ?”

“ನಿಮಗ ತಿಳದದ್ದು ಬರೀರಿ,” ಅಂದ್ಲು ಫಕೀರಮ್ಮ. ಕಾರಣ ಹೇಳಾಕ ಹೋದ್ರ ಬೇವಿನ ಗಿಡದ ಕೆಳಗ ಹೊತ್ತು ಮುಳುಗತಿತ್ತು.

ಕಾಲೇಜಿನಾಗ ಹಾಜರಿ ಕರಿಯೋ ಮುಂದ ಆಕಿ ಎದ್ದು ನಿಂತಳಂದ್ರ ಹಿಂದಿನ ಬೆಂಚಿನ ಹುಡುಗ್ಯಾರು ಅಂಗೈ ಚಾಚಿ “ಮುಂದಿನ ಮನಿಗೆ ಹೋಗವ್ವಾ” ಅಂತಿದ್ರು. ಮೊನ್ನೆ ಹೈಸ್ಕೂಲು ವಿಜ್ಞಾನ ಟೀಚರ್ ಅಂತ ನೇಮಕ ಆಗಿ, ದೇವದುರ್ಗದ ಕಡಿ ಒಂದು ಸಾಲಿ ಆರಿಸಿಕೊಳ್ಳಾಕ ಹೋದಾಗ, ಕಾಗದ ನೋಡೋ ಸಾಹೇಬ್ರು ತಲಿ ಎತ್ತಿ “ನೀವು ಸಾಬರೇನು?” ಅಂತ ಕೇಳಿದ್ರು. ಅಲ್ಲರೀ ಅಂದ್ಲು. ಜಾತಿ ಪ್ರಮಾಣಪತ್ರ ತಿರುವಿ ನೋಡಿ “ಮತ್ತ?” ಅಂದ್ರು. ಆ ‘ಮತ್ತ’ ಆಕಿ ಎದ್ಯಾಗ ಮುಳ್ಳಿನಂಗ ನಟ್ಟಿತ್ತು. ನಾಳಿ ಸಾಲ್ಯಾಗ ಅರವತ್ತು ಹುಡುಗರು ಫಕೀರಮ್ಮ ಟೀಚರ್ ಅಂತ ಕೂಗೋದು ನೆನಸಿಕೊಂಡ್ರ ಆಕಿಗೆ ಊಟ ಸೇರತಿದ್ದಿಲ್ಲ.

ಮೂರು ತಿಂಗಳು ಮೊಬೈಲಿನಾಗ ಹೆಸರುಗಳ ಅರ್ಥ ಓದಿದ್ಲು. ಪರ್ವೀನ್ ಅಂದ್ರ ಪಾರ್ಸಿಯೊಳಗ ಕೃತ್ತಿಕಾ ನಕ್ಷತ್ರ. ಮಾರ್ಗರೆಟ್ ಅಂದ್ರ ಗ್ರೀಕಿನಾಗ ಮುತ್ತು. ಸೂಸನ್ ಅಂದ್ರ ಹೀಬ್ರೂದಾಗ ನೈದಿಲಿ ಜಾತಿ ಹೂವು. ತನ್ನದು ಹುಡುಕಿದ್ಲು. ಮೂಲ ಅರಬ್ಬಿ, ಅರ್ಥ ಬಡವ, ಬೇಡಿ ತಿನ್ನಾಂವ. ಮ್ಯಾಲ ಒಂದು ಕನ್ನಡದ ಅಮ್ಮ. ಜಗತ್ತಿನ ಯಾವ ಭಾಷಿಯವರೂ ಮಗಳಿಗೆ ಭಿಕ್ಷುಕಿ ಅಂತ ಹೆಸರಿಟ್ಟದ್ದು ಆಕಿಗೆ ಕಾಣಲಿಲ್ಲ.

ಇಂದುಮತಿ ಮಾತ್ರ ಮೊಬೈಲಿನಿಂದ ಬಂದದ್ದಲ್ಲ. ಏಳು ವರ್ಷದಾಕಿ ಇದ್ದಾಗ ಫಕೀರಮ್ಮಗ ಜ್ವರ ನೆತ್ತಿಗೇರಿತ್ತು. ಹಣಿ ಮ್ಯಾಲ ಹಸಿ ಅರಿವಿ ಇಟ್ಟು ಅವ್ವ ಅಮರಮ್ಮ “ಇಂದುಮತೀ, ನನ್ನವ್ವಾ, ಕಣ್ಣು ತಗೀ” ಅಂತ ಕರದದ್ದು ಅರ್ಧ ನಿದ್ದ್ಯಾಗ ಕೇಳಿಸಿತ್ತು. ಅಂಥಾ ದನಿ ಅವ್ವಗ ಅದ ಅನ್ನೋದು ಆವತ್ತ ಆಕಿಗೆ ಗೊತ್ತಾದದ್ದು. ಅವ್ವ ತನಗ ಇಡಬೇಕಂತಿದ್ದ ಹೆಸರು ಇದು, ಅಂಜಿ ಬಿಟ್ಟಾಳ ಅಂತ ತಿಳಕೊಂಡ್ಲು. ಯಾರಿಗೂ ಹೇಳದ ಇಪ್ಪತ್ತೆರಡು ವರ್ಷ ಹೊಟ್ಟ್ಯಾಗ ಇಟ್ಟುಕೊಂಡಿದ್ಲು. ಗೆಜೆಟ್‌ನಾಗ ಅಚ್ಚಾಗಿ ಬಂದ ಮ್ಯಾಲ ಓದಿ ಹೇಳಿ ಅವ್ವನ್ನ ಬೆರಗು ಮಾಡಬೇಕು ಅನ್ನೋದು ಆಕಿ ಆಸಿ.

ನೋಟರಿ ಮುಂದ ಸಹಿ ಸೋಮವಾರ ಅಂತ ಗೊತ್ತಾತು. ಕಾಗದ ಚೀಲದಾಗ ಇಟ್ಟುಕೊಂಡು ಊರಿಗೆ ಬಂದ್ಲು.

“ಯವ್ವಾ, ಹೆಸರು ಬದಲಿ ಮಾಡಾಕತ್ತೀನಿ,” ಅಂದ್ಲು. ಹೊಸಾದು ಏನಂತ ಬಾಯಿ ಬಿಡಲಿಲ್ಲ.

ತೊಗರಿ ಹಸನ ಮಾಡಾಕತ್ತಿದ್ದ ಅಮರಮ್ಮ ಮೊರ ಕೆಳಗಿಟ್ಲು. “ಆ ಹೆಸರು ನಂದಲ್ಲ, ನಿಂದೂ ಅಲ್ಲ. ದಾವಲ್ ಬೀದು. ಆಕಿ ಕೊಂಡಾಕಿ, ಆಕಿ ಇಟ್ಟಾಕಿ. ಆಕಿ ಹೂಂ ಅನ್ನಲಿ, ಆಮ್ಯಾಲ ನಿನ್ನ ದಾರಿ ನಿಂದು.”

“ಇದೇನು ಸಂತ್ಯಾಗಿನ ಯಾಪಾರ ಏನು ಯವ್ವಾ? ಯಾವ ಕಾಲದಾಗ ಅದೀ?”

“ಯಾವ ಕಾಲದಾಗರ ಇರಲಿ. ನೀ ಜೀವಂತ ಅದೀ ಹೌದಿಲ್ಲೋ?”

ಫಕೀರಮ್ಮಕಿಂತ ಮೊದಲು ಅಮರಮ್ಮಗ ಮೂರು ಕೂಸು ಹೋಗಿದ್ವು. ಹಿಂಗಾಗಿ ನಾಲ್ಕನೇದು ಹುಟ್ಟಿದ ಕೂಡಲೇ ತಿಪ್ಪಿ ಮ್ಯಾಲ ಮಲಗಿಸಿದ್ರು. ಬಾಜೂ ಮನಿ ದಾವಲ್ ಬೀ, ಬಳಿ ಮಾರಾಕಿ, ಒಂದು ಮೊರ ತೌಡು ಕೊಟ್ಟು ಕೂಸನ್ನ ಕೊಂಡ್ಲು, ಫಕೀರಮ್ಮ ಅಂತ ಹೆಸರಿಟ್ಲು, “ನನ್ನ ಮಗಳನ್ನ ನೀ ಸಾಕವ್ವಾ” ಅಂತ ಅಮರಮ್ಮನ ಉಡ್ಯಾಗ ಹಾಕಿದ್ಲು. ಸಾವು ಬಂದು ಅಮರಮ್ಮನ ಕೂಸೆಲ್ಲಿ ಅಂದ್ರ, ಆಕಿಗೆ ಕೂಸ ಇಲ್ಲ ಅಂತ ಊರು ಹೇಳಬೇಕಲ್ಲ, ಅದಕ್ಕ. ಇದೆಲ್ಲಾ ಊರಿಗೂ ಗೊತ್ತು, ಫಕೀರಮ್ಮಗೂ ಗೊತ್ತು. ಹೆತ್ತಾಕಿ ಯವ್ವಾ, ಕೊಂಡಾಕಿ ಅಮ್ಮಾ ಅಂತ ಕರಕೋತನ ಬೆಳದಾಳ. ಸತ್ತ ಕೂಸುಗಳ ಮಾತು ಮಾತ್ರ ಆ ಮನ್ಯಾಗ ಯಾರೂ ಎತ್ತತಿದ್ದಿಲ್ಲ.

ಐತವಾರ ಮಾನ್ವಿಗೆ ಹೋಗಿ ದೇವದುರ್ಗದ ಬಸ್ಸು ಹತ್ತಿದ್ಲು. ದಾವಲ್ ಬೀ ಈಗ ಅಲ್ಲಿ ಮಗ ಸತ್ತಾರ್ ಸಾಬ್‌ನ ಮನ್ಯಾಗ ಇರ್ತಾಳ. ಎಂಬತ್ತು ದಾಟ್ಯದ, ಕಣ್ಣು ಮಂಜಾಗ್ಯಾವ. ಬಳಿ ಮಾರಿದ ಚಾಳಿ ಹೋಗಿಲ್ಲ, ಯಾರು ಬಂದ್ರೂ ಮೊದಲು ಮುಂಗೈ ಹಿಡೀತಾಳ. ಫಕೀರಮ್ಮಂದೂ ಹಿಡದ್ಲು.

“ವಾಚು ಕಟ್ಟಿದ ಕೈ. ನನ್ನ ಫಕೀರಿ ಏನು?”

“ಹೌದು ಅಮ್ಮಾ. ಆ ಹೆಸರು ಬಿಡಬೇಕಂತೀನಿ. ಭಿಕ್ಷಾ ಬೇಡಾಕಿ ಅಂತ ಅರ್ಥ ಆಗತದ. ಲೋಕದಾಗ ಯಾರೂ ಮಕ್ಕಳಿಗೆ ಇಂಥಾದು ಇಡಂಗಿಲ್ಲ.”

ದಾವಲ್ ಬೀ ಹಲ್ಲಿಲ್ಲದ ಬಾಯಿ ತಗದು ನಕ್ಕಳು. “ಯಾರು ಹೇಳಿದ್ರು ಬೇಟಿ? ಗದ್ವಾಲದ ಕಡಿ ಹೋಗು, ತೆಲುಗಿನಾಗ ಭಿಕ್ಷಮ್ಮ ಅಂತಾರ. ನಿಮ್ಮ ತಿಪ್ಪಮ್ಮ ಅಲ್ಲಿ ಪೆಂಟಮ್ಮ. ಮರಾಠಿ ಮಂದ್ಯಾಗ ಧೋಂಡಾಬಾಯಿ, ಅಂದ್ರ ಕಲ್ಲು. ಇವರೆಲ್ಲಾರ ಕೈಗೂ ನಾ ಬಳಿ ಇಟ್ಟೀನಿ. ಬಂಗಾರದಂಥಾ ಮಕ್ಕಳಿಗೆ ಕಸ, ಕಲ್ಲು, ಭಿಕ್ಷಾ ಅಂತ ಹೆಸರು. ಎಲ್ಲಾ ಭಾಷ್ಯಾಗೂ ತಾಯಂದಿರು ಸಾವಿಗೆ ಒಂದ ಸುಳ್ಳು ಹೇಳ್ಯಾರ. ಫಕೀರನ ಮನ್ಯಾಗ ಕಳ್ಳಗೇನು ಕೆಲಸ?”

ಮೊಬೈಲಿನಾಗ ಇಲ್ಲದ್ದು ಇಲ್ಲಿತ್ತು.

“ಅಂಜಬ್ಯಾಡ, ಬಿಟ್ಟುಬಿಡು,” ಅಂದ್ಲು ಮುದುಕಿ. “ಸಣ್ಣಾಕಿದ್ದಾಗ ಇಟ್ಟ ಬಳಿ ದೊಡ್ಡಾಕಿ ಆದ ಮ್ಯಾಲ ಬಿಗೀತದ. ನಾ ಹೂಂ ಅಂದೀನಂತ ನಿಮ್ಮವ್ವಗ ಹೇಳು. ಹೊಸಾದು ಏನಿಡ್ತಿ?”

“ಇಂದುಮತಿ.”

ಮುದುಕಿ ಕೈ ಬಿಟ್ಟುಬಿಟ್ಲು.

“ಯಾರು ಹೇಳಿದ್ರು ನಿನಗ ಆ ಹೆಸರು?”

ಫಕೀರಮ್ಮ ಜ್ವರದ ಸುದ್ದಿ ಹೇಳಿದ್ಲು. ಇಷ್ಟು ವರ್ಷಕ್ಕ ಒಬ್ಬರ ಮುಂದ ಹೇಳಿದ್ದು ಅದ ಮೊದಲು.

ಆಗ ದಾವಲ್ ಬೀ ಎಲ್ಲಾ ಬಿಚ್ಚಿ ಹೇಳಿದ್ಲು. ಮೊದಲಿನ ಎರಡು ಕೂಸಿಗೆ ಹೆಸರಿಡೋಷ್ಟು ದಿನ ಸಿಗಲಿಲ್ಲ. ಮೂರನೇದು ಮಾನ್ವಿ ದವಾಖಾನ್ಯಾಗ ಹುಟ್ಟಿತ್ತು, ಹೆಣ್ಣು. ಹೆರಿಗಿ ಮಾಡಿಸಿದ ನರ್ಸಮ್ಮನ ಹೆಸರು ಇಂದುಮತಿ. ಅದನ್ನ ಇಡಬೇಕಂತ ಅಮರಮ್ಮ ಹಟ ಹಿಡದ್ಲು. ಕೂಲಿಯವರ ಕೂಸಿಗೆ ಇಂದುಮತಿ ಏನು, ಇಂದಿ ಅಂದ್ರ ಸಾಕು ಅಂತ ಹೊಲದ ಧಣೇರ ಮನಿಯಾಕಿ ನಕ್ಕಳಂತ. ಪೂರಾ ಕರೀರಿ ಅಂತ ಅಮರಮ್ಮ ಆಕಿ ಮಾರಿಗೆ ಹೇಳಿ ಬಂದಿದ್ಲು. ಕೂಸನ್ನ ಕಂಕುಳಾಗ ಇಟ್ಟುಕೊಂಡು ಓಣಿ ತುಂಬ ಕರದದ್ದ ಕರದದ್ದು. ಹನ್ನೊಂದನೇ ತಿಂಗಳಿಗೆ ವಾಂತಿಭೇದಿ, ಜ್ವರ, ಮೂರು ದಿನದಾಗ ಮುಗೀತು. ಅಷ್ಟು ದೊಡ್ಡ ಹೆಸರಿಗೆ ದೃಷ್ಟಿ ಆಗದ ಇರ್ತದೇನು ಅಂದ್ರು ಮಂದಿ. ಅಮರಮ್ಮ ನಂಬಿದ್ಲು. ತನ್ನ ಸೊಕ್ಕ ಕೂಸನ್ನ ತಿಂತು ಅಂತ ಎದಿ ಎದಿ ಬಡಕೊಂಡ್ಲು.

“ಮತ್ತ ನನಗ ಜ್ವರ ಬಂದಾಗ?”

“ಆಕಿನೂ ಹಂಗ ಮಲಗಿದ್ಲಲ್ಲ ಬೇಟಿ. ನಿಮ್ಮವ್ವ ಆಕಿನ್ನ ಕರದಾಳ. ನಿನ್ನಲ್ಲ.”

ಹೊಳ್ಳಿ ಬರೋ ಬಸ್ಸಿನಾಗ ಫಕೀರಮ್ಮಗ ಕಿಟಕಿ ಸೀಟು ಸಿಕ್ತು, ಹೊರಗ ಏನದ ಅಂತ ನೋಡಲಿಲ್ಲ. ಸತ್ತ ಕೂಸಿನ ಮ್ಯಾಲ ಆಕಿಗೆ ಹೊಟ್ಟಿಕಿಚ್ಚಾತು, ಅಂಥಾ ಹೊಟ್ಟಿಕಿಚ್ಚಿಗೆ ನಾಚಿಕಿನೂ ಆತು. ಜೀವನದಾಗ ತನಗ ಅಂತ ಸಿಕ್ಕ ಒಂದ ಮುದ್ದಿನ ಮಾತು, ಅದೂ ಅಕ್ಕಂದು. ಸಿರವಾರ ದಾಟೋ ಮುಂದ ಕಣ್ಣೀರು ಬಂತು. ಬಾಜೂ ಕುಂತಾಕಿ ಯಾಕವ್ವಾ ಅಂತ ಕೇಳಿದ್ಲು, ಧೂಳು ಅಂದ್ಲು.

ಹೊತ್ತು ಮುಳುಗೋ ಮುಂದ ಮನಿ ಮುಟ್ಟಿದ್ಲು. ಕಟ್ಟಿ ಮ್ಯಾಲ ಕುಂತಿದ್ದ ಅಪ್ಪ ಯಂಕೋಬ ಮಗಳನ್ನ ನೋಡಿದವನ ಎದ್ದು, ಹೊಳಿ ಕಡಿ ಹೋಗಿ ಬರ್ತೀನಿ ಅಂತ ನಡದ. ಒಳಗ ಅಮರಮ್ಮ ರೊಟ್ಟಿ ಬಡಿಯಾಕತ್ತಿದ್ಲು.

“ದಾವಲ್ ಬೀ ಸತ್ತಾರನ ಫೋನಿನಾಗ ಮಾತಾಡಿದ್ಲು,” ಅಂದ್ಲು, ಮಾರಿ ಎತ್ತಲಿಲ್ಲ.

ಫಕೀರಮ್ಮ ಒಲಿ ಬಾಜೂಕ ಕುಂತ್ಲು. “ಯವ್ವಾ, ನಿನಗ ಖುಷಿ ಆಗಲಿ ಅಂತ ನಾ...”

“ಗೊತ್ತದ.”

“ನೀ ಹೂಂ ಅಂದ್ರ ಆ ಹೆಸರು ನಾನ ಇಟ್ಕೋತೀನಿ. ದಿನಾ ಕರಿ. ಬ್ಯಾಡಂದ್ರ ಕಾಗದ ಈಗ ಒಲ್ಯಾಗ ಹಾಕ್ತೀನಿ.”

ಅಮರಮ್ಮನ ಕೈ ಹಿಟ್ಟಿನ ಮ್ಯಾಲ ನಿಂತಿತು. “ಬ್ಯಾಡವ್ವಾ. ಆಕಿಗೆ ಒಂದು ಸೀರಿ ಕೊಡಲಿಲ್ಲ, ಒಂದು ಫೋಟೋ ತಗಸಲಿಲ್ಲ, ಮಣ್ಣು ಮಾಡಿದ ಜಾಗದ ಗುರ್ತು ಸೈತ ಹೊಳಿ ಒಯ್ತು. ಕೊಟ್ಟದ್ದು ಹೆಸರೊಂದ. ಅದನ್ನ ಕಸದು ನಿನಗ ಹೆಂಗ ಕೊಡಲಿ? ಬ್ಯಾರೆ ಯಾವುದರ ಇಟ್ಕೋ, ನಿನ್ನ ಖುಷಿ. ನಾ ಇನ್ನ ಅಂಜಂಗಿಲ್ಲ.”

ರೊಟ್ಟಿ ಎತ್ತಿ ಹಂಚಿಗೆ ಹಾಕಿ ನೀರು ಸವರಿದ್ಲು. ಆಮ್ಯಾಲ ಬಾಗಿಲ ಕಡಿ ನೋಡಿಕೋತ ಅಂದ್ಲು, “ಹನ್ನೊಂದು ತಿಂಗಳ ಕೂಸು ಓ ಅನ್ನಾಕ ಎಲ್ಲಿ ಕಲೀಬೇಕು? ನಾ ಕರದದ್ದ ಕರದದ್ದು, ಬರೇ ನಗತಿತ್ತು. ಒಂದ ಸಲ ಕರೀತೀನಿ. ಓ ಅಂತೀಯೇನು?”

ಫಕೀರಮ್ಮ ತಲಿ ಆಡಿಸಿದ್ಲು.

ಅಮರಮ್ಮ ಮಗಳ ಮಾರಿ ನೋಡಲಿಲ್ಲ. ಓಣ್ಯಾಗ ಆಡೋ ಕೂಸನ್ನ ಕರಿಯೋ ಹಂಗ, ನಾಕು ಮನಿಗೆ ಕೇಳೋ ಹಂಗ, ಪೂರಾ ಹೆಸರು ಹಿಡದು ಕರದ್ಲು.

“ಇಂದುಮತೀ...”

“ಓ, ಯವ್ವಾ.”

ಹಂಚಿನ ಮ್ಯಾಲ ರೊಟ್ಟಿ ಹೊತ್ತಿ ಹೊಗಿ ಎದ್ದಿತು, ಇಬ್ಬರೂ ಅತ್ತ ನೋಡಲಿಲ್ಲ. ಅಮರಮ್ಮ ಬಾಯಿಬಿಟ್ಟು ಅತ್ತಳು. ಅಳೋದು ಮುಗದ ಮ್ಯಾಲ ಸೆರಗಿನಿಂದ ಮಾರಿ ಒರಸಿಕೊಂಡು, ಸುಟ್ಟ ರೊಟ್ಟಿ ತಗದು ಬದಿಗಿಟ್ಟು, ಹೊಸಾದು ಬಡದು ಹಾಕಿದ್ಲು.

“ಸಾಕು,” ಅಂದ್ಲು. “ಇನ್ನ ನೀ ಬಾ, ಫಕೀರಮ್ಮ, ನನ್ನವ್ವಾ. ಮುಂಜಾನಿಂದ ಹಸದೀ, ಉಣ್ಣು.”

ಅದಕ್ಕೂ ಆಕಿ ಓ ಅಂದ್ಲು. ಸೋಮವಾರ ರಾಯಚೂರಿಗೆ ಹೋಗಲಿಲ್ಲ.