ಬೀರಬಾಬಾನ ಕುಡಿಕೆ

ಜೈಲಿನ ದೊಡ್ಡ ಬಾಗಿಲೊಳಗಿನ ಸಣ್ಣ ಬಾಗಿಲು ಕಿರ್ ಅಂತು, ಅಲ್ಲ, ಅತ್ತೆಯಲ್ಲ, ಯಾರೋ ಗಡ್ಡದವನು, ಮತ್ತೆ ಮುಚ್ಚಿತು — ಜಾಮೀನು ನಿನ್ನೆಯೇ ಆಯಿತು, ಕಾಗದ ಜೈಲಿಗೆ ಬರುವಷ್ಟರಲ್ಲಿ ಹೊತ್ತು ಮುಳುಗಿತ್ತು, ನಾಳೆ ಬಾ ಅಂದರು, ಬಂದಿದ್ದೇನೆ, ಸೆರಗಿನ ಗಂಟಲ್ಲಿ ಹುರಿಗಡಲೆ ಹಿಟ್ಟಿದೆ, ಆದರೆ ಅವಳು ಮೊದಲು ಕೇಳುವುದು ತಂಬಾಕನ್ನೇ, ನನಗೆ ಗೊತ್ತಿಲ್ಲವೇ. ಖುಷಿ ಪಡು, ಆದ್ರೆ ಕೇಸು ಮುಗೀಲಿಲ್ಲ ಕಣಮ್ಮ, ಇನ್ನೊಂದ್ಸಲ ಮನೇಲಿ ತೊಟ್ಟು ಸಾರಾಯಿ ಸಿಕ್ರೂ ಮುದುಕಿ ಒಳಗೇ ಸಾಯ್ತಾಳೆ, ವಕೀಲ ಲಾಲ್‌ಬಾಬು ಪಾನ್ ಉಗುಳುತ್ತ ಹೇಳಿದ್ದು, ನಾನು ತಲೆಯಾಡಿಸಿದೆ, ಆದರೆ ಹರಕೆ, ಅಯ್ಯೋ ಆ ಹರಕೆ. ಸಾರಾಯಿ ಬಂದ್ ಅಂತ ಸರಕಾರ ಊರಿಗೆಲ್ಲ ಸಾರಿತು, ನಮ್ಮ ದೇವರು ಬೀರಬಾಬಾನಿಗೆ ಯಾರು ಹೇಳಿದರು? ನಮ್ಮ ಮುಸಹರ ಜನರ ಕೇರಿಯಲ್ಲಿ ಅಜ್ಜ ಮುತ್ತಜ್ಜರ ಕಾಲದಿಂದ ಅವನ ಮಣ್ಣಿನ ಗುಡ್ಡೆಯ ಮುಂದೆ ಒಂದು ಕುಡಿಕೆ ಹಿಪ್ಪೆ ಹೂವಿನ ಸಾರಾಯಿ, ಅವನು ಕುಡಿದ ಮೇಲೆ ತಾನೇ ನಮಗೆ ಪ್ರಸಾದ. ಪೂಜೆಯ ದಿನ ಪೊಲೀಸರು ಬಂದರು, ಅತ್ತೆ ಕಾಯಿಸಿದ್ದ ಸಾರಾಯಿಯ ಮಡಕೆಯನ್ನು ಜೀಪಿಗೆ ಹತ್ತಿಸಿದರು, ಅವಳನ್ನೂ, ಮೀಸೆಯವನೊಬ್ಬ ಬಾಬಾನ ಕುಡಿಕೆಯನ್ನೂ ಎತ್ತಿ ಮೂಸಿ ಬೋರಲು ಹಾಕಿದ, ಮಣ್ಣು ಗಟಗಟ ಕುಡಿಯಿತು, ಅತ್ತೆ ಜೀಪಿನೊಳಗಿಂದಲೇ ಕೂಗಿದಳು, ನೋಡ್ರೋ, ಕೊನೆಗೂ ಕುಡಿದ ನನ್ನಪ್ಪ! ದೇವರಿಗೆ ಅಂತ ಕಾಯಿಸಿದ್ದು ಹುಜೂರ್ ಅಂತ ಲಾಲ್‌ಬಾಬು ಕೋರ್ಟಿನಲ್ಲಿ ಹೇಳಿದಾಗ ಜಡ್ಜ್ ಕನ್ನಡಕ ತೆಗೆದು, ಹಾಗಾದ್ರೆ ದೇವರನ್ನೂ ಆರೋಪಿ ಮಾಡೋಣ್ವೇನ್ರೀ, ಎಲ್ಲರೂ ನಕ್ಕರು, ನಾನು ನಗಲಿಲ್ಲ, ಸೆರಗು ಕಚ್ಚಿಕೊಂಡು ಒಳಗೊಳಗೇ, ಬಾಬಾ, ಇವಳನ್ನು ಬಿಡಿಸು, ನಿನ್ನ ಕುಡಿಕೆ ತುಂಬಿಸ್ತೀನಿ — ಅಂದುಬಿಟ್ಟೆ, ಬೇರೆ ಹರಕೆ ಗೊತ್ತಿದ್ದರಲ್ಲವೇ. ಮುದುಕಿ, ಹಿಂದೆ ಕೇಸಿಲ್ಲ, ಜಾಮೀನು ಕೊಟ್ಟಿದೆ, ಅಂದರು ಜಡ್ಜ್. ಆಗಿಹೋಯಿತು. ಈಗ ಕುಡಿಕೆ.

ಕಿರ್. ಅವಳೇ! ಎಷ್ಟು ಸಣ್ಣಗಾಗಿದ್ದಾಳೆ, ನಡೆಯುವುದು ಮಾತ್ರ ಅದೇ ಕೊಬ್ಬಿನಲ್ಲಿ, ಬಿಸಿಲಿಗೆ ಕಣ್ಣು ಕಿರಿದು ಮಾಡಿ, ಏನೇ ಝುನಿಯಾ, ಸತ್ತವಳನ್ನ ನೋಡ್ದಂಗೆ ನೋಡ್ತೀಯಲ್ಲೇ, ತಂಬಾಕು ತಾ — ನಾನು ಅತ್ತೆನಾ ನಕ್ಕೆನಾ, ಎರಡೂ, ಎದೆ ಹಗುರ, ಹಗುರ, ಟೆಂಪೋದಲ್ಲಿ ಅವಳ ಮೊಣಕೈ ನನ್ನ ಪಕ್ಕೆಗೆ ಚುಚ್ಚುತ್ತಿದೆ, ಚುಚ್ಚಲಿ, ದಾರಿಯುದ್ದಕ್ಕೂ ಚುಚ್ಚಲಿ. ಮನೆಗೂ ಹೋಗದೆ ನೇರ ಬಾಬಾನ ಹಿಪ್ಪೆ ಮರದಡಿಗೆ ಬಂದು ಕೂತಳು, ಹೂವಿನ ಕಾಲ, ನೆಲವೆಲ್ಲ ಸಿಹಿ ಘಾಟು, ಕುಡಿಕೆ ಇನ್ನೂ ಬೋರಲಾಗಿಯೇ ಇದೆ. ಏನೋ ಹರಕೆ ಹೊತ್ತಿದ್ದೀಯ, ಮುಖ ನೋಡಿದ್ರೇ ಗೊತ್ತಾಗುತ್ತೆ, ಬೊಗಳು. ಹೇಳಿದೆ. ಕೆಮ್ಮು ಬರುವವರೆಗೂ ನಕ್ಕಳು, ಅಯ್ಯೋ ಮಳ್ಳಿ, ಸಾರಾಯಿ ಕೇಸಿಗೆ ಸಾರಾಯೀನೇ ಲಂಚ ಕೊಟ್ಯಾ! ಆಮೇಲೆ ನಗು ನಿಂತಿತು, ಕುಡಿಕೆ ನೆಟ್ಟಗಿಟ್ಟಳು, ಇನ್ನೊಂದ್ಸಲ ಒಳಗೆ ಹೋಗಲಾರೆ ಕಣೇ, ಅಂದಳು, ಇಷ್ಟು ಮೆಲ್ಲಗೆ ಅವಳು ಮಾತಾಡಿದ್ದನ್ನು ನಾನು ಕೇಳಿಯೇ ಇರಲಿಲ್ಲ. ಕೈಪಂಪಿನ ನೀರು ತಂದು ಕುಡಿಕೆಗೆ ಸುರಿದೆ. ಬಾಬಾ, ನಂಗೂ ಜಾಮೀನು, ನಿಂಗೂ ಜಾಮೀನು, ಕೇಸು ಮುಗಿಯೋವರ್ಗೂ ನೀರು ಕುಡ್ಕೊಂಡು ತೆಪ್ಪಗಿರು, ಅಂತ ಗದರಿ ಕೈಮುಗಿದಳು, ನಾನೂ ಮುಗಿದೆ, ಕ್ಷಮಿಸು ಅಂದೆ — ಟಪ್. ಬೆಳಗ್ಗೆಯೇ ಬೀಳಬೇಕಿದ್ದ ಹಿಪ್ಪೆ ಹೂವೊಂದು, ತಡವಾಗಿ, ಸರಿಯಾಗಿ ಕುಡಿಕೆಯೊಳಗೆ. ಇಬ್ಬರೂ ರಸ್ತೆಯ ಕಡೆ ನೋಡಿದೆವು. ಯಾರೂ ಇಲ್ಲ. ಅತ್ತೆ ಹೂವನ್ನೆತ್ತಿ ಬಾಯಿಗೆ ಹಾಕಿ ಅಗಿದಳು, ಮುಗೀತು, ಸಾಕ್ಷಿಯಿಲ್ಲ, ನಡಿ ಮನೆಗೆ — ಟಪ್, ಇನ್ನೊಂದು. ಅವಳ ಕೈ ಮುಂದೆ ಹೋಯಿತು, ಅಲ್ಲೇ ನಿಂತಿತು. ನೀರು, ಹೂವು, ಈ ಬಿಸಿಲು, ನಾಲ್ಕು ದಿನ ಬಿಟ್ಟರೆ ಹುಳಿ ಬಂದು ಏನಾಗುತ್ತದೆಂದು ನಮ್ಮ ಕೇರಿಯಲ್ಲಿ ಯಾರಿಗೆ ಗೊತ್ತಿಲ್ಲ, ನಾವು ಕಾಯಿಸಲಿಲ್ಲ, ನಾವು ಹೂವು ಹಾಕಲಿಲ್ಲ, ನಾವು ಏನೂ — ಕುಡಿಕೆಯಲ್ಲಿ ಹೂವು ಮೆಲ್ಲಗೆ ತಿರುಗುತ್ತಿದೆ.