ಅಕ್ಷರಶತ್ರು ಯೀಸ್ಟು

“ಗುರುಪಾದ, ನಿನ್ನ ಯೀಸ್ಟು ಅಕ್ಷರಶತ್ರು ಅದ. ಬರದು ಕೊಟ್ಟದ್ದನ್ನ ಓದಾಕ ಬರೂದಿಲ್ಲ ಅದಕ್ಕ.”

ಧಾರವಾಡದ ಪ್ರಯೋಗಾಲಯದಲ್ಲಿ, ಸೋಮವಾರದ ಮೀಟಿಂಗಿನಲ್ಲಿ, ಒಂಬತ್ತು ಜನರ ಎದುರಿಗೆ ನಾಡಗೌಡ ಸರ್ ಹೀಗಂದರು. ಎಲ್ಲರೂ ನಕ್ಕರು. ಅವರ ಕೈಕೆಳಗೆ ಸಂಶೋಧನೆ ಮಾಡುವ ಗುರುಪಾದ ತಲೆ ತಗ್ಗಿಸಿದ. ಅವನ ಕೈಯಲ್ಲಿದ್ದ ಗಾಜಿನ ನಳಿಗೆಯೊಳಗೆ ನನಗೆ ಮೈಯೆಲ್ಲ ಉರಿದುಹೋಯಿತು. ಆ ಅಕ್ಷರಶತ್ರು ನಾನೇ.

ನಾನು ಒಂದು ಯೀಸ್ಟು. ಬ್ರೆಡ್ಡು ಉಬ್ಬಿಸುವ ದೊಡ್ಡ ಮನೆತನದವನಲ್ಲ, ಅವರ ದೂರದ ದಾಯಾದಿ. ಸಾಮಿಲ್ಲಿನ ಹಿಂದೆ ಕೊಳೆತು ಬಿದ್ದ ಮಾವಿನ ದಿಮ್ಮಿ, ಅದನ್ನು ಕೊರೆಯುವ ಕರಿ ದುಂಬಿ, ಆ ದುಂಬಿಯ ಕರುಳು: ಅದೇ ನಮ್ಮೂರು. ಅವ್ವನ ಮೈಮೇಲೆ ಮೊಗ್ಗಾಗಿ ಹುಟ್ಟಿದೆ. ಕಳಚಿಕೊಂಡಾಗ ಅವಳ ಮೈಮೇಲೆ ಗಾಯದ ಗುರುತು ಉಳಿಯಿತು. ಯಾರಪ್ಪನ ಶಾಲೆಗೂ ಹೋದವನಲ್ಲ ನಾನು. ಕಣ್ಣು ಬಿಟ್ಟ ಗಳಿಗೆಯಿಂದ ದುಡಿತವೇ; ದುಂಬಿಗೆ ಅರಗದ ಮರದ ಸಕ್ಕರೆಯನ್ನು ಅರಗಿಸುವುದು.

ಒಂದು ದಿನ ಗುರುಪಾದ ದುಂಬಿಯನ್ನು ಬೆಂಕಿಪೊಟ್ಟಣದಲ್ಲಿ ಹಾಕಿಕೊಂಡು ಬಂದ. ನನ್ನನ್ನು ಬೇರೆ ಮಾಡಿ, ಉಣಿಸಿ ಬೆಳೆಸಿದ. ಆಮೇಲೆ ಜೆಲ್ಲಿ ಮೀನಿನ ಹಸಿರು ಬೆಳಕಿನ ಜೀನನ್ನು ನನ್ನೊಳಗೆ ಸೇರಿಸಿದ. ಮನುಷ್ಯರ ಜೀವಕೋಶಕ್ಕೆಂದು ತಿದ್ದಿ ಬರೆದ ಜೀನು ಅದು. ನೀಲಿ ದೀಪ ಹಿಡಿದರೆ ನಾನು ಹಸಿರಾಗಿ ಬೆಳಗಬೇಕಿತ್ತು. ಎಂಟು ತಿಂಗಳು ಹಿಡಿದ. ನಾನು ಕತ್ತಲೆಯಾಗಿಯೇ ಉಳಿದೆ.

ಶನಿವಾರ ಇದನ್ನು ಆಟೋಕ್ಲೇವಿಗೆ ಹಾಕಿ ಕೈ ತೊಳೆದುಕೋ ಎಂದು ಸರ್ ತೀರ್ಪು ಕೊಟ್ಟರು. ಅದು ನಮ್ಮ ಪಾಲಿನ ಕುಕ್ಕರು. ಒಳಗೆ ಹೋದವರು ಹೊರಗೆ ಬರುವುದು ಬೆಂದೇ.

ಓದಲು ಬರುವುದಿಲ್ಲವಂತೆ! ಒಂದಕ್ಷರ ಬಿಡದೆ ಓದಿದ್ದೆ ನಾನು. ಜೀನಿನ ಬರಹದಲ್ಲಿ ಮೂರು ಮೂರು ಅಕ್ಷರಕ್ಕೆ ಒಂದೊಂದು ಇಟ್ಟಿಗೆ. ಇಟ್ಟಿಗೆ ಪೋಣಿಸಿದರೆ ಪ್ರೋಟೀನು. ಸಿ-ಟಿ-ಜಿ ಎಂದು ಕಂಡರೆ ಹೆಚ್ಚುಕಡಿಮೆ ಲೋಕವೆಲ್ಲ ಲ್ಯೂಸಿನ್ ಎಂಬ ಇಟ್ಟಿಗೆ ಇಡುತ್ತದೆ. ನಮ್ಮ ವಂಶದವರು ಸೆರಿನ್ ಇಡುತ್ತೇವೆ. ಯಾವ ಕಾಲದಿಂದಲೋ ಹಾಗೇ, ಅದರಲ್ಲೇ ಬಾಳಿ ಬದುಕಿದ್ದೇವೆ. ಆ ಜೀನಿನಲ್ಲಿ ಹೆಜ್ಜೆಗೊಂದು ಸಿ-ಟಿ-ಜಿ. ಅಲ್ಲೆಲ್ಲ ಸೆರಿನ್ ಕೂತು ಬೆಳಕಿನ ಗೂಡೇ ಕುಸಿದಿತ್ತು. ಹೇಳೋಣವೆಂದರೆ ನನಗೆ ಬಾಯೆಲ್ಲಿ?

ಶುಕ್ರವಾರ ಮಧ್ಯಾಹ್ನ ಗುರುಪಾದ ಬೇರೇನೂ ತೋಚದೆ ನನ್ನ ಸ್ವಂತದ ಒಂದು ಜೀನನ್ನೂ ಅದರಿಂದಾದ ಪ್ರೋಟೀನನ್ನೂ ಅಕ್ಕಪಕ್ಕ ಇಟ್ಟು ನೋಡಿದ. ಎದ್ದು, ಯಾವ ಮೂರಕ್ಷರಕ್ಕೆ ಯಾವ ಇಟ್ಟಿಗೆ ಎಂದು ತೋರಿಸುವ, ಗೋಡೆಗೆ ಅಂಟಿಸಿದ್ದ ಸಂಕೇತಪಟ್ಟಿಯ ಮೇಲೆ ಬೆರಳಾಡಿಸಿದ. ಮತ್ತೆ ಬಂದು ನೋಡಿದ. ಮೆಲ್ಲಗೆ ನನಗಂದ: “ತಪ್ಪು ನಂದಪಾ. ನಿಮ್ಮ ಮಂದಿ ಹೆಂಗ ಓದತಾರ ಅಂತ ನಾ ಕೇಳಲೇ ಇಲ್ಲ.”

ಸರ್ ಬಳಿ ಕೈಮುಗಿದು ಒಂದು ತಿಂಗಳ ಗಡುವು ಪಡೆದ. ಸಿ-ಟಿ-ಜಿ ಇದ್ದಲ್ಲೆಲ್ಲ, ನಾನೂ ಲ್ಯೂಸಿನ್ ಎಂದೇ ಓದುವ ಬೇರೆ ಮೂರಕ್ಷರ ಹಾಕಿಸಿ ಹೊಸ ಜೀನು ತರಿಸಿ ನನ್ನೊಳಗೆ ಸೇರಿಸಿದ.

ಗಡುವಿನ ಕಡೆಯ ಸೋಮವಾರ ಅದೇ ಒಂಬತ್ತು ಜನರ ಎದುರಿಗೆ ನೀಲಿ ದೀಪ ಹಿಡಿದ. ಬೆಳಗಿದೆ. ಎಳೆ ಬಾಳೆಲೆಯಂಥ ಹಸಿರು. ಅಬ್ಬ, ಎದೆಯ ಮೇಲಿನ ಬಂಡೆ ಇಳಿಯಿತು. ಇನ್ನು ನನ್ನ ಮುಪ್ಪು ಕುಕ್ಕರಿನಲ್ಲಲ್ಲ. ಮೈನಸ್ ಎಂಬತ್ತರ ಫ್ರೀಜರಿನ ಮೂಲೆಯಲ್ಲಿ ತಣ್ಣಗೆ ಮಲಗುವುದು. ಸಿ-ಟಿ-ಜಿಯನ್ನು ನಾನು ಈಗಲೂ ಅವ್ವ ಓದಿದಂತೆಯೇ ಓದುತ್ತೇನೆ.

“ಅಂತೂ ಓದಾಕ ಕಲೀತಲ್ಲೋ ನಿನ್ನ ಅಕ್ಷರಶತ್ರು?” ಎಂದರು ಸರ್.

ಈ ಸಲ ಯಾರೂ ನಗಲಿಲ್ಲ. ಗುರುಪಾದ ನನ್ನ ನಳಿಗೆಯ ಮುಚ್ಚಳ ಬಿಗಿ ಮಾಡಿ, ಮುಷ್ಟಿಯೊಳಗೆ ಬೆಚ್ಚಗೆ ಹಿಡಿದು ಬಾಗಿಲ ಕಡೆ ನಡೆದ.