ತೌಫೀಕನ ಬೆಣ್ಣೆ ಬಿಸ್ಕತ್ತು

ದುಬೈಯ ಹೋಟೆಲೊಂದರಲ್ಲಿ ತೌಫೀಕನಿಗಿದ್ದದ್ದು ಇಂಗ್ಲಿಷರ ಮೇಜಿಗೆ ಚಹಾ, ಬಿಸ್ಕತ್ತು ಒಯ್ದಿಡುವ ಕೆಲಸ. ಆ ಕೆಲಸ ಹೋಗಿ ಮಂಜೇಶ್ವರದ ಮನೆಗೆ ಮರಳಿದ ಮೇಲೆ, ಆ ಬಿಸ್ಕತ್ತುಗಳನ್ನೆಲ್ಲ ತಾನೇ ಬೇಯಿಸಿ ಕೊಟ್ಟವನಂತೆ ಮಾತಾಡತೊಡಗಿದ. ಕೇಳಿದಾಗಲೆಲ್ಲ ಅತ್ತಿಗೆ ಫೌಝಿಯಾಳಿಗೆ ಮೈ ಉರಿಯುತ್ತಿತ್ತು. ಕುಡಿದ ಲೋಟವನ್ನು ಎತ್ತಿಡಲೂ ಗೊತ್ತಿಲ್ಲದ ಗಂಡಸು ಈಗ ಅವಳು ಚಹಾಕ್ಕೆ ಇಟ್ಟ ನಾನ್‌ಖಟಾಯಿಯನ್ನು ಕಂಡರೆ ಮೂಗು ಮುರಿಯುತ್ತಿದ್ದ.

"ಇದೆಲ್ಲ ಎಂತ ಬಾಬಿ? ಶಾರ್ಟ್‌ಬ್ರೆಡ್ ಬಿಸ್ಕತ್ತು ಅಂದ್ರೆ ಮೂರೇ ವಸ್ತು. ಬೆಣ್ಣೆ, ಸಕ್ಕರೆ, ಮೈದಾ. ಸ್ಕಾಟ್ಲೆಂಡಿನ ಅಜ್ಜಿಯರು ಮಾಡುವುದು."

"ಆ ಅಜ್ಜಿಯರು ಪಾತ್ರೆಯನ್ನೂ ತೊಳೀತಾರಾ, ಅಥವಾ ಅದಕ್ಕೆ ಬೇರೆ ಅತ್ತಿಗೆ ಉಂಟಾ?" ಎಂದಳು ಫೌಝಿಯಾ.

ಅವನ ತಾಯಿ ಪಾತುಮ್ಮನಿಗೆ ಮಾತ್ರ ಮಗ ಹೇಳಿದ್ದೆಲ್ಲ ಸತ್ಯ. ಮೂರು ವಸ್ತುಗಳಿಂದ ತಿಂಡಿ ಮಾಡುವ ಬುದ್ಧಿ ತನ್ನ ಮಗನಿಗಲ್ಲದೆ ಇನ್ಯಾರಿಗಿದೆ ಎಂದು ನೆರೆಮನೆಗಳಿಗೆಲ್ಲ ಸಾರಿ ಬಂದಿದ್ದರು.

ಅಷ್ಟರಲ್ಲಿ ತಂಸೀರ್ ಬರುವ ಸುದ್ದಿ ಬಂತು. ದುಬೈಯಲ್ಲಿ ತೌಫೀಕನ ಮ್ಯಾನೇಜರ್ ಆಗಿದ್ದವನು ಮಂಗಳೂರಿನಲ್ಲಿ ಚಹಾದಂಗಡಿ ತೆರೆಯಲಿದ್ದ. ಬಿಸ್ಕತ್ತು ಮಾಡಿ ತೋರಿಸಿದರೆ ಕೆಲಸ ಸಿಕ್ಕೀತೆಂದು ತೌಫೀಕ್ ಹಿಂದಿನ ದಿನವೇ ಅಡುಗೆಮನೆಗೆ ನುಗ್ಗಿದ. ತಲೆಗೆ ಬಿಳಿ ಟೊಪ್ಪಿ, ಕಿವಿಗೆ ಇಯರ್‌ಫೋನ್, ಎದುರಿಗೆ ಯೂಟ್ಯೂಬ್. ಸಣ್ಣ ಉರಿಯಲ್ಲಿ ನಿಧಾನವಾಗಿ ಬೇಯಬೇಕೆಂದು ಫೋನಿನಲ್ಲಿ ಹೆಂಗಸೊಬ್ಬಳು ಹೇಳುತ್ತಲೇ ಇದ್ದಳು. ಅಷ್ಟು ಹೊತ್ತು ಕಾಯುವ ಜನ್ಮವಲ್ಲ ಇವನದು. ಓವನ್ನಿನ ಗುಂಡಿಯನ್ನು ಕೊನೆಯವರೆಗೆ ತಿರುಗಿಸಿದ. ಮೊದಲ ಟ್ರೇ ಪೂರ್ತಿ ಕರಿ. ಎರಡನೆಯದರ ಅಂಚು ಮಾತ್ರ ಸೀದಿತ್ತು. ಬಿಸಿಯಿರುವಾಗಲೇ ಕತ್ತರಿಸಬೇಕಾದದ್ದನ್ನು ಆರಿದ ಮೇಲೆ ಕತ್ತರಿಸಲು ಹೋಗಿ ಚೂರುಚೂರು ಮಾಡಿದ. ತಪ್ಪು ಬೆಣ್ಣೆಯದಂತೆ, ಓವನ್ನಿನದಂತೆ, ಕರಾವಳಿಯ ಗಾಳಿಯದಂತೆ.

"ಗಾಳಿಗೆ ನಿನ್ನ ಮೇಲೆ ಅಂಥದ್ದೇನು ಸಿಟ್ಟು ಮಾರಾಯ?" ಎಂದು ಫೌಝಿಯಾ ಚೂರುಗಳನ್ನು ಡಬ್ಬಿಗೆ ತುಂಬಿಟ್ಟಳು.

ಮರುದಿನ ಅತಿಥಿಗಳು ಬರುವ ಮೊದಲು ತೌಫೀಕ್ ಬೈಕಿನಲ್ಲಿ ಪಕ್ಕದೂರಾದ ಉಪ್ಪಳಕ್ಕೆ ಹೋಗಿ ಪೊಟ್ಟಣವೊಂದನ್ನು ಅಂಗಿಯೊಳಗೆ ಅಡಗಿಸಿ ತಂದ. ಬೇಕರಿಯ ಬೆಣ್ಣೆ ಬಿಸ್ಕತ್ತುಗಳು ಪಿಂಗಾಣಿ ತಟ್ಟೆಯೇರಿ ಕುಳಿತವು. ತಂಸೀರ್ ಒಂದನ್ನು ಕಡಿದು ತಲೆದೂಗಿದ. ತೌಫೀಕ್ ಸ್ಕಾಟ್ಲೆಂಡಿನ ಅಜ್ಜಿಯರಿಂದ ಶುರು ಮಾಡಿ ತನ್ನ ಕೈಗುಣದವರೆಗೆ ಎಲ್ಲವನ್ನೂ ವಿವರಿಸಿದ.

ತಂಸೀರನ ಜೊತೆ ಬಂದಿದ್ದ ಹೆಂಡತಿ ಶಿಬಿಲಾ ಉಪ್ಪಳದ ಹುಡುಗಿ. ಅವಳು ಬಿಸ್ಕತ್ತನ್ನು ತಿರುಗಿಸಿ ನೋಡಿದಳು.

"ಇದು ನಮ್ಮ ಸ್ಟೇಷನ್ ರಸ್ತೆಯ ಬೇಕರಿಯದ್ದಲ್ವಾ? ಅಡಿಯಲ್ಲಿ ಹೂವಿನ ಅಚ್ಚು ಉಂಟು. ನಮ್ಮ ಮನೆಗೆ ವಾರ ವಾರ ತರಿಸ್ತೇವೆ."

ಪಾತುಮ್ಮ ತಡಮಾಡದೆ, "ಆ ಬೇಕರಿಯವನಿಗೆ ಕಲಿಸಿದ್ದೇ ನನ್ನ ಮಗ," ಎಂದುಬಿಟ್ಟರು.

ಫೌಝಿಯಾಳಿಗೆ ಇನ್ನು ತಡೆಯಲಾಗಲಿಲ್ಲ. ಒಳಗೆ ಹೋಗಿ ಡಬ್ಬಿ ತಂದು ಮೇಜಿನ ನಡುವೆ ಬಡಿದಿಟ್ಟಳು. "ಇವನ ಕೈಯದ್ದು ಇದು. ತಿಂದು ನೋಡಿ." ಇವತ್ತು ಇವನ ಬಡಾಯಿಗೆ ಮುಕ್ತಾಯ ಎಂದುಕೊಂಡಳು.

ಶಿಬಿಲಾ ನಡುಭಾಗದ ಚೂರೊಂದನ್ನು ಬಾಯಿಗಿಟ್ಟಳು. ಇನ್ನೊಂದನ್ನು ತೆಗೆದುಕೊಂಡಳು. ಆಮೇಲೆ ಗಂಡನ ಕಡೆಗೆ ಡಬ್ಬಿ ದೂಡಿದಳು.

"ಅಂಚು ಸೀದಿದೆ," ಎಂದ ತಂಸೀರ್ ಮೆಲ್ಲುತ್ತ. "ಆದರೆ ಬೆಣ್ಣೆಯ ರುಚಿ ಸರಿಯಾಗಿ ಬಂದಿದೆ. ಹೋಟೆಲಿನದ್ದೇ ರುಚಿ. ಬೇಕರಿಯದ್ದು ನನಗೆ ಎಲ್ಲಿ ಬೇಕಾದರೂ ಸಿಗ್ತದೆ ತೌಫೀಕ್. ಸುಳ್ಳು ಬೇಡ. ಸೋಮವಾರ ಮಂಗಳೂರಿಗೆ ಬಾ, ಉರಿ ನೋಡುವುದನ್ನು ಕಲಿಸುವವರಿದ್ದಾರೆ. ಆಮೇಲೆ ನೋಡುವ."

ಕಾರು ಗೇಟು ದಾಟುವುದೇ ತಡ, ತೌಫೀಕನ ಎದೆ ಮತ್ತೆ ಉಬ್ಬಿತು. "ನೋಡಿದಿರಾ ಬಾಬಿ? ಹೋಟೆಲಿನದ್ದೇ ರುಚಿ! ನಾನು ಹೇಳಿರ್ಲಿಲ್ವಾ?"

ಅವನ ಮಾನ ಕಳೆಯಲು ಹೋಗಿ ತಾನೇ ಕೈಯಾರೆ ಕೆಲಸ ಕೊಡಿಸಿದಂತಾಯಿತಲ್ಲ ಎಂದು ಫೌಝಿಯಾ ತನ್ನನ್ನೇ ಬೈದುಕೊಂಡಳು. ಡಬ್ಬಿಯ ತಳದ ಚೂರನ್ನು ಬಾಯಿಗೆ ಹಾಕಿಕೊಂಡಳು. ಚೆನ್ನಾಗಿತ್ತು. ಅದು ಇನ್ನೂ ದೊಡ್ಡ ಅನ್ಯಾಯ.

ಕರಿಹಿಡಿದ ಎರಡೂ ಟ್ರೇಗಳನ್ನು ತಂದು ಅವನ ಕೈಗಿತ್ತಳು. "ಸೋಮವಾರಕ್ಕೆ ಮೊದಲು ಇದನ್ನು ಕಲಿ."

"ಪಾಪ, ಕೈ ನೋಯ್ತದೆ ಹುಡುಗನಿಗೆ," ಎಂದರು ಪಾತುಮ್ಮ.

"ನೋಯಲಿ ಮಾಮಿ."

ತೌಫೀಕ್ ಬಾವಿಕಟ್ಟೆಯ ಬಳಿ ಕುಕ್ಕರುಗಾಲಲ್ಲಿ ಕುಳಿತು ತೆಂಗಿನ ನಾರಿನಿಂದ ಉಜ್ಜತೊಡಗಿದ. ಫೌಝಿಯಾ ಸೊಂಟಕ್ಕೆ ಕೈಯಿಟ್ಟು ಪಕ್ಕದಲ್ಲೇ ನಿಂತಳು.

"ಮೂಲೆಯಲ್ಲಿ ಇನ್ನೂ ಉಂಟು," ಎಂದಳು.